ಎಡಗಾಲಿನ ರಿಪೇರಿ

ನನ್ನ ಮಗನ ಮೂಗಿನ ತುದಿಯಲ್ಲಿ ಒಂದು ಒಲೆ ಇದೆ. ಅವನ ಕಾರಿನ ಬಗ್ಗೆ ಯಾರಾದರೂ ಅರ್ಧ ಮಾತು ಆಡಿದರೆ ಸಾಕು, ಆ ಒಲೆಯ ಮೇಲೆ ಇಡೀ ಬೀದಿಗೆ ಅನ್ನ ಮಾಡಿ ಬಡಿಸಬಹುದು.

ಆ ಭಾನುವಾರ ಒಲೆ ಹಚ್ಚಿದವನು ನನ್ನ ಸೊಸೆಯ ತಮ್ಮ. ಪಕ್ಕದ ಬೀದಿಯಲ್ಲಿ ಅವನದೊಂದು ಗ್ಯಾರೇಜು. ಜೇಬು ತುಂಬ ನಟ್ಟು ಬೋಲ್ಟು ಹಾಕಿಕೊಂಡು ಗಲಗಲ ಸದ್ದು ಮಾಡಿಕೊಂಡೇ ಓಡಾಡುತ್ತಾನೆ. ಅದಕ್ಕೆ ನಾನು ಅವನಿಗೆ ಇಟ್ಟ ಹೆಸರು ನಟ್ಟು. ಅಕ್ಕನ ಮನೆಗೆ ಊಟಕ್ಕೆ ಬಂದಿದ್ದ. ಮಗ ಬಾಡಿಗೆ ಮುಗಿಸಿ ಬರುವುದು ತಡವಾಗಿತ್ತು. ನಾವೆಲ್ಲ ತಟ್ಟೆ ಮುಂದೆ ಕೂತು ಕಾಯುತ್ತಿದ್ದೆವು. ಆಗ ಬೀದಿಯ ಗುಂಡಿಗಳ ಕಡೆಯಿಂದ ಸದ್ದು ಬಂತು: ಟಕ್, ಟಕಟಕ, ಟಕ್.

"ಅಕ್ಕ, ಯಾರೋ ಬಾಗಿಲು ತಟ್ತಾ ಇದಾರೆ," ಅಂದ ನಟ್ಟು.

"ಬಾಗಿಲಲ್ಲ ಕಣೋ, ನಿಮ್ಮ ಭಾವ," ಅಂದೆ ನಾನು. "ಆ ಕಾರು ಹೊರಟ್ರೆ ಪಕ್ಕದೂರಿಗೂ ಕೇಳುತ್ತೆ. ತೀರಿಹೋದ ನಮ್ಮ ಯಜಮಾನರೂ ಎದ್ದು ಕೂತು 'ಯಾರದು' ಅಂತ ಕೇಳ್ತಿರ್ತಾರೆ."

ಮೊಮ್ಮಗಳು ಬಾಯಲ್ಲಿದ್ದ ನೀರನ್ನು ಮೂಗಿನಿಂದ ಬಿಟ್ಟಳು. ಅವಳಿಗೆ ಮನೆಯಲ್ಲಿ ಎಲ್ಲರೂ ಕರೆಯುವ ಹೆಸರು ಪಟಾಕಿ. ಔಷಧಿ ಅಂಗಡಿಯಲ್ಲಿ ಕೆಲಸ, ಸ್ಕೂಟರಿನಲ್ಲಿ ಓಡಾಟ. ಒಮ್ಮೆ ಬಾಯಿ ಬಿಟ್ಟರೆ ಊರಿಗೆಲ್ಲ ಹೊಗೆ.

ಮಗ ಕೈ ತೊಳೆದು ಬಂದು ಕೂತ. ಸೊಸೆ ಅನ್ನ ಬಡಿಸಿದಳು. ನಟ್ಟು ಸುಮ್ಮನಿರುವ ಜಾತಿಯಲ್ಲ.

"ಭಾವ, ಮುಂದಿನ ಚಕ್ರದ ಹತ್ರ ಸದ್ದು ಬರ್ತಾ ಇದೆ."

"ರಸ್ತೆ ಸರಿ ಇಲ್ಲ."

"ರಸ್ತೆ ಎಲ್ಲಾರಿಗೂ ಒಂದೇ ಅಲ್ವಾ? ಒಂದು ಕೆಲಸ ಮಾಡಿ. ಗುಂಡಿ ಇರೋ ಕಡೆ ನಿಧಾನಕ್ಕೆ ಓಡಿಸ್ತಾ ಬ್ರೇಕ್ ಮೇಲೆ ಕಾಲನ್ನ ಹಗುರಕ್ಕೆ ಇಟ್ಟು ನೋಡಿ. ಸದ್ದು ನಿಂತ್ರೆ ಕ್ಯಾಲಿಪರ್ ಸಡಿಲ ಆಗಿದೆ ಅಂತ. ನಿಲ್ಲದಿದ್ರೆ ಬೇರೆ ಏನೋ."

"ಅದೇನೋ ಅದು, ಕ್ಯಾಲಿಪರ್ರು?" ಅಂದೆ.

ಅವನು ತನ್ನ ತಟ್ಟೆಯ ಅಂಚನ್ನು ಬೆರಳುಗಳಲ್ಲಿ ಮೇಲಿಂದ ಕೆಳಗಿಂದ ಹಿಡಿದು ತೋರಿಸಿದ. "ಚಕ್ರದ ಒಳಗೆ ಹೀಗೊಂದು ತಟ್ಟೆ ತಿರುಗ್ತಿರುತ್ತೆ ಅಮ್ಮ. ಬ್ರೇಕ್ ಒತ್ತಿದ್ರೆ ಅದನ್ನ ಹೀಗೆ ಕಚ್ಚಿ ಹಿಡಿಯೋ ಇಕ್ಕಳ ಇದು. ಅದು ಜಾರೋ ಪಿನ್ನಿನ ಗ್ರೀಸು ಒಣಗಿದ್ರೆ, ಅದನ್ನ ಬಿಗಿಯಾಗಿ ಹಿಡಿಯೋ ಕ್ಲಿಪ್ಪು ಬಿದ್ದುಹೋಗಿದ್ರೆ ಇಕ್ಕಳ ಅಲ್ಲಾಡುತ್ತೆ. ಒಂದು ಬೆಳಿಗ್ಗೆ ಕೆಲಸ. ತಂದು ಬಿಡಿ ಭಾವ."

"ನೋಡೋಣ."

"ನೋಡೋದೇನು? ಭಾವ, ಬೇಜಾರು ಮಾಡ್ಕೋಬೇಡಿ, ನಿಮಗೆ ಕಾರು ಓಡಿಸೋಕೆ ಬರುತ್ತೆ, ಸಾಕೋಕೆ ಬರಲ್ಲ."

ನಾನು ನಕ್ಕೆ. ಪಟಾಕಿ ನಕ್ಕಳು. ಸೊಸೆ ನಗಲಿಲ್ಲ, ಗಂಡನ ಮುಖ ನೋಡಿದಳು. ಒಲೆ ಹತ್ತಿಯಾಗಿತ್ತು.

"ನನ್ನ ಮನೆ ಅನ್ನ ತಿಂದ್ಕೊಂಡು ನನಗೇ ಬುದ್ಧಿ ಹೇಳ್ತೀಯೇನೋ?"

"ಅಕ್ಕ ಹೊಲಿಗೆ ಹೊಲಿದು ತಂದ ಅನ್ನನೂ ಸ್ವಲ್ಪ ಇದೆ ಭಾವ ಇದರಲ್ಲಿ," ಅಂದುಬಿಟ್ಟ ನಟ್ಟು.

ಮಗ ತಟ್ಟೆ ತಳ್ಳಿ ಎದ್ದ. ನಟ್ಟುವೂ ಎದ್ದ. ಊಟ ಅಲ್ಲಿಗೆ ಮುಗಿಯಿತು. ಅವತ್ತಿನಿಂದ ಇಬ್ಬರೂ ಎದುರು ಸಿಕ್ಕರೆ ಒಬ್ಬ ಆಕಾಶ ನೋಡುತ್ತಿದ್ದ, ಇನ್ನೊಬ್ಬ ಮೋರಿ ನೋಡುತ್ತಿದ್ದ.

ಮನೆಯಲ್ಲಿ ಮಾತ್ರ ಟಕಟಕ ನಿಲ್ಲಲಿಲ್ಲ. ಕಾರಿನದ್ದು ಒಂದು ಪಾಲಾದರೆ ಸೊಸೆಯದ್ದು ಒಂಬತ್ತು ಪಾಲು. ಅವಳು ಮನೆಯಲ್ಲೇ ಹೊಲಿಯುವವಳು, ಶಾಲೆ ಮಕ್ಕಳ ಯೂನಿಫಾರ್ಮು. ಹೊಲಿದ ಗಂಟನ್ನು ವಾರಕ್ಕೊಮ್ಮೆ ಇಳಿಜಾರು ರಸ್ತೆಯ ಕೆಳಗಿನ ಅಂಗಡಿಗೆ ಒಯ್ದು ಕೊಡುವುದು ಇದೇ ಕಾರಿನಲ್ಲಿ.

"ರೀ, ನಿಮ್ಮ ಕಾಯಂ ಗಿರಾಕಿ ಟೀಚರಮ್ಮ ಏನಂದ್ರು ಗೊತ್ತಾ? ಈ ಕಾರಲ್ಲಿ ಆಸ್ಪತ್ರೆಗೆ ಹೋದ್ರೆ ಹಲ್ಲಿನ ಸೆಟ್ಟು ಕೈಲಿ ಹಿಡ್ಕೋಬೇಕಂತೆ. ಬೇರೆ ಗಾಡಿ ನೋಡ್ಕೋತೀನಿ ಅಂತಿದಾರೆ."

"ನೋಡ್ಕೊಳ್ಳಲಿ."

"ತಮ್ಮನ ಹತ್ರ ಬಿಡಿ ಅಂದ್ರೆ ನಿಮಗೆ ಏನು ಕಷ್ಟ?"

"ನಿನ್ನ ತಮ್ಮನ ಗ್ಯಾರೇಜಿನ ನೆರಳೂ ನನ್ನ ಕಾರಿನ ಮೇಲೆ ಬೀಳಬಾರದು."

"ಬೇರೆಯವರ ಹತ್ರ ಆದ್ರೂ ತಗೊಂಡು ಹೋಗಿ. ಇಲ್ಲಾ ನಾನು ಈ ಕಾರು ಹತ್ತಲ್ಲ, ಗಂಟು ತಲೆ ಮೇಲೆ ಹೊತ್ಕೊಂಡು ಹೋಗ್ತೀನಿ."

ಅವಳು ಹೊತ್ತುಕೊಂಡೂ ಹೋದಳು. ಇಡೀ ಬೀದಿ ನೋಡಿತು. ಮಗನ ಮುಖ ಸುಟ್ಟ ಬದನೆಕಾಯಿ.

ಮರುದಿನ ಸಂಜೆ ನಾನು ಹೊಸಿಲಿನ ಮೇಲೆ ಕೂತು ಬೆಳ್ಳುಳ್ಳಿ ಸುಲಿಯುತ್ತಿದ್ದೆ. ಕಾರು ಬಂದು ಎದುರು ನಿಂತದ್ದೇ ಗೊತ್ತಾಗಲಿಲ್ಲ. ಗುಂಡಿಗಳ ಮೇಲೆ ಬೆಕ್ಕು ನಡೆದು ಬಂದ ಹಾಗೆ ಬಂದಿತ್ತು.

"ಏನೋ ಇದು, ಕಾರಿಗೆ ಬಾಯಿ ಹೊಲಿಸ್ಕೊಂಡು ಬಂದ್ಯಾ?"

"ರಿಪೇರಿ ಆಯ್ತು," ಅಂದ. "ಮಾರ್ಕೆಟ್ಟಿನ ಆಚೆ ಒಬ್ಬ ಮೆಕ್ಯಾನಿಕ್ ಇದಾನೆ. ಒಳ್ಳೆ ಕೈ. ಒಂದೇ ಗಂಟೇಲಿ ಮಾಡ್ಕೊಟ್ಟ."

ಸೊಸೆ ಹೊಲಿಗೆ ಯಂತ್ರ ಬಿಟ್ಟು ಎದ್ದು ಬಂದಳು. ಕಾರಿನಲ್ಲಿ ಗಂಡನ ಪಕ್ಕ ಕೂತು ಬೀದಿ ಸುತ್ತಿ ಬಂದಳು. ಟಕ್ ಇಲ್ಲ, ಟಿಕ್ ಇಲ್ಲ. ಆ ರಾತ್ರಿಯ ಊಟಕ್ಕೆ ಗಂಡನ ತಟ್ಟೆಗೆ ಎರಡು ಮೊಟ್ಟೆ ಬಿತ್ತು. ನನ್ನ ತಟ್ಟೆಗೆ ಒಂದು.

"ಕಾರಿಗೆ ಸದ್ದು ನಿಂತ್ರೆ ಮೊಟ್ಟೆ," ಅಂದೆ. "ನಾನು ಬಾಯಿ ಮುಚ್ಕೊಂಡ್ರೆ ಏನು ಕೊಡ್ತೀಯಮ್ಮ?"

"ಕೋಳೀನೇ ಕೊಡ್ತೀನಿ ಅತ್ತೆ, ಮುಚ್ಚಿ ನೋಡೋಣ," ಅಂದಳು. ಮನೆಯೆಲ್ಲ ನಕ್ಕಿತು.

ಕೆಲವು ದಿನ ಚೆನ್ನಾಗಿತ್ತು. ಆಮೇಲೆ ಒಂದು ಸಂಜೆ ಪಟಾಕಿ ಸ್ಕೂಟರು ನಿಲ್ಲಿಸಿದವಳೇ ಒಳಗೆ ಬಂದು ಕೇಳಿದಳು:

"ಅಪ್ಪ, ಮಾರ್ಕೆಟ್ಟಿಂದ ನಿನ್ನ ಹಿಂದೆನೇ ಬಂದೆ. ನಿನ್ನ ಕಾರಿನ ಹಿಂದಿನ ಕೆಂಪು ದೀಪ ಒಂದು ಸಲನೂ ಆರಲಿಲ್ಲ. ನೆಟ್ಟಗಿರೋ ರಸ್ತೇಲೂ ಉರೀತಾನೇ ಇತ್ತು. ಹಿಂದಿನವರೆಲ್ಲ ಹಾರನ್ ಹೊಡೀತಿದ್ರು."

"ಸ್ವಿಚ್ಚು ಕೆಟ್ಟಿರ್ಬೇಕು."

"ಬ್ರೇಕ್ ಒತ್ತಿದ್ರೆ ತಾನೇ ಅದು ಉರಿಯೋದು?"

"ಔಷಧಿ ಅಂಗಡೀಲಿ ಕಾರಿನ ಪಾಠನೂ ಹೇಳ್ಕೊಡ್ತಾರಾ ಈಗ? ಸ್ವಿಚ್ಚು ಅಂದ್ನಲ್ಲ. ಹಾಕಿಸ್ತೀನಿ."

"ಕೇಳಿದ್ರೆ ತಪ್ಪಾ?"

"ನಿನ್ನ ಮಾಮನ ಹಂಗೆ ಮಾತಾಡೋಕೆ ಶುರು ಮಾಡ್ಬೇಡ."

ಮಾಮನ ಹೆಸರು ಬಂದಮೇಲೆ ಸೊಸೆಯೇ ಮಗಳ ಕಡೆ ಕಣ್ಣು ಬಿಟ್ಟಳು. "ಸಾಕು ಬಿಡೇ. ಈಗ ತಾನೇ ಮನೇಲಿ ಸ್ವಲ್ಪ ನೆಮ್ಮದಿ ಬಂದಿದೆ." ಪಟಾಕಿ ಸ್ಕೂಟರಿನ ಕೀಲಿ ಕುಕ್ಕಿ ಕೋಣೆಗೆ ಹೋದಳು.

ಗಂಟು ಒಯ್ಯುವ ದಿನ ಬಂತು. ಬೆಳಿಗ್ಗೆ ಮಗ ಒಂದು ಬಾಡಿಗೆ ಹೋಗಿ ಬಂದು ಕಾರು ನಿಲ್ಲಿಸಿದ. ಸೊಸೆ ಗಂಟನ್ನು ಹಿಂದಿನ ಸೀಟಿಗೆ ಹಾಕುವಾಗ ಮೂಗು ಸಿಂಡರಿಸಿದಳು.

"ರೀ, ಏನೋ ಸುಟ್ಟ ವಾಸನೆ ಬರ್ತಿದೆ."

ನನಗೂ ಬಂತು. ಹಳೇ ಇಸ್ತ್ರಿಪೆಟ್ಟಿಗೆಯ ಕೆಳಗೆ ಬಟ್ಟೆ ಕರಕಲಾದ ವಾಸನೆ.

"ಬಿಸಿಲಿಗೆ ಡಾಂಬರು ಕರಗಿದೆ, ಅದು," ಅಂದ ಮಗ.

"ಅವನು ರಿಪೇರಿ ಸರಿಯಾಗಿ ಮಾಡಿದಾನೆ ತಾನೆ?"

"ಹೂಂ."

"ಹೂಂ ಅಂದ್ರೆ?"

"ಮಾಡಿದಾನೆ ಅಂದ್ರೆ ಮಾಡಿದಾನೆ. ಹತ್ತು."

ಅವಳು ಹತ್ತಿದಳು. ನಾನು ಒಳಗೆ ಹೋಗಿ ಬೇಳೆ ಬೇಯಲು ಇಟ್ಟೆ.

ಬೇಳೆ ಬೇಯಲಿಲ್ಲ. ಪಟಾಕಿಯ ಫೋನು ಬಂತು.

ಇಳಿಜಾರಿನ ಅರ್ಧದಲ್ಲಿ ಬ್ರೇಕು ಪೆಡಲು ತೊಟ್ಟಿಲ ಹಾಸಿಗೆಯ ಹಾಗೆ ಮೆತ್ತಗಾಗಿ ನೆಲಕ್ಕೆ ಹೋಯಿತಂತೆ. ಮಗ ಕೈಬ್ರೇಕು ಎಳೆದಿದ್ದಾನೆ, ಗಾಡಿ ಜಗ್ಗಿದೆ, ನಿಂತಿಲ್ಲ. ಕೆಳಗೆ ಮಧ್ಯಾಹ್ನದ ಊಟಕ್ಕೆ ಶಾಲೆ ಬಿಟ್ಟು ಮಕ್ಕಳು ರಸ್ತೆ ದಾಟುತ್ತಿದ್ದರು. ಅವನು ಪಕ್ಕದ ಕಲ್ಲಿನ ಗೋಡೆಗೆ ಕಾರನ್ನು ಉಜ್ಜಿಸಿದ. ಮಕ್ಕಳಿಗೆ ಏನೂ ಆಗಲಿಲ್ಲ. ಅವನ ಹಣೆಗೆ ಒಂದು ಗೀರು. ಗೋಡೆ ಇದ್ದದ್ದು ಸೊಸೆಯ ಕಡೆಗೆ. ಬಾಗಿಲು ಒಳಗೆ ಬಂದು ಅವಳ ಎಡಗೈಯನ್ನು ಸೀಟಿಗೆ ಸೇರಿಸಿ ಜಜ್ಜಿತು.

ಹೊಲಿಯುವಾಗ ಬಲಗೈ ಬರೀ ಯಂತ್ರದ ಚಕ್ರ ಹಿಡಿಯುತ್ತದೆ. ಬಟ್ಟೆಯನ್ನು ಸೂಜಿಯ ಕಡೆ ತಿರುಗಿಸಿ, ಎಳೆದು, ನೆರಿಗೆ ಕೂರಿಸುವುದು ಎಡಗೈ. ಇದನ್ನು ಡಾಕ್ಟರಿಗೆ ಅವಳೇ ಹೇಳಿದಳು. ಅವರು ತಲೆ ಆಡಿಸಿದರು.

ಆಸ್ಪತ್ರೆಯ ಬೆಂಚಿನ ಮೇಲೆ ಮಗ ಕೂತಿದ್ದ. ನಟ್ಟು ಓಡಿ ಬಂದ. ಇಬ್ಬರೂ ಆಕಾಶ, ಮೋರಿ ಎರಡೂ ನೋಡಲಿಲ್ಲ.

"ಕಾರು ನಾನು ಎಳೆಸ್ಕೊಂಡು ಹೋಗ್ತೀನಿ ಭಾವ," ಅಂದ ನಟ್ಟು.

"ಹೂಂ," ಅಂದ ಮಗ.

ಎರಡು ದಿನ ಬಿಟ್ಟು ನಟ್ಟು ನಮ್ಮನ್ನು ಗ್ಯಾರೇಜಿಗೆ ಕರೆಸಿದ, ನನ್ನನ್ನು, ಪಟಾಕಿಯನ್ನು, ಮಗನನ್ನು. ಸೊಸೆ ಇನ್ನೂ ಆಸ್ಪತ್ರೆಯಲ್ಲಿದ್ದಳು. ಕಾರಿನ ಮುಂದಿನ ಚಕ್ರ ಬಿಚ್ಚಿ ಪಕ್ಕಕ್ಕೆ ಒರಗಿಸಿದ್ದ. ಒಳಗಿನ ತಟ್ಟೆ ಒಲೆಯ ಮೇಲೆ ಮರೆತ ಬಾಣಲೆಯ ಹಾಗೆ ನೀಲಿಗೆ ತಿರುಗಿತ್ತು.

"ಬ್ರೇಕ್ ಆಯಿಲ್ ಕುದ್ದುಹೋಗಿದೆ, ಅದಕ್ಕೇ ಪೆಡಲು ಮೆತ್ತಗಾಗಿದ್ದು," ಅಂದ. "ತಟ್ಟೆಗೆ ಒತ್ತೋ ಪ್ಯಾಡು ಸುಟ್ಟು ಇದ್ದಲಾಗಿದೆ. ಇದು ಒಂದು ಇಳಿಜಾರಿಗೆ ಆಗೋದಲ್ಲ. ಎಷ್ಟೋ ದಿನದಿಂದ ಬ್ರೇಕ್ ಕಚ್ಕೊಂಡೇ ಓಡಿದೆ."

"ಆ ಮೆಕ್ಯಾನಿಕ್ ಬಿಗಿ ಮಾಡ್ಬಿಟ್ಟಿದ್ನೋ ಏನೋ," ಅಂದೆ ನಾನು.

ನಟ್ಟು ಒಂದು ಬೋಲ್ಟಿನ ತಲೆ ತೋರಿಸಿದ. ತುಕ್ಕು, ಅದರ ಮೇಲೆ ಮಣ್ಣು, ಅದರ ಮೇಲೆ ಇನ್ನೊಂದು ಪದರ ಮಣ್ಣು. "ಇದನ್ನ ಬಿಚ್ಚದೆ ಕ್ಯಾಲಿಪರ್ ಮುಟ್ಟೋಕೆ ಆಗಲ್ಲ ಅಮ್ಮ. ಇದಕ್ಕೆ ಸ್ಪ್ಯಾನರ್ ತಾಗಿ ವರ್ಷಗಳಾಗಿವೆ. ಒಳಗೆ ಪಿನ್ನು ಒಣಗಿದ ಹಂಗೇ ಇದೆ. ಬಿದ್ದುಹೋಗಿದ್ದ ಕ್ಲಿಪ್ಪೂ ಹಾಕಿಲ್ಲ. ಯಾರೂ ರಿಪೇರಿ ಮಾಡಿಲ್ಲ ಇದನ್ನ."

"ಮತ್ತೆ ಸದ್ದು ಹೆಂಗೆ ನಿಲ್ತು?" ಅಂದೆ.

ಪಟಾಕಿಯೇ ಅಪ್ಪನ ಮುಂದೆ ಹೋಗಿ ನಿಂತಳು.

"ಕೆಂಪು ದೀಪ," ಅಂದಳು. "ಸ್ವಿಚ್ಚು ಕೆಟ್ಟಿರಲಿಲ್ಲ ಅಲ್ವಾಪ್ಪ? ಬ್ರೇಕ್ ಮೇಲೆ ಕಾಲು ಇಟ್ಕೊಂಡೇ ಓಡಿಸ್ತಿದ್ದೆ."

ಮಗನ ಕಾರು ಗೇರು ತಾನೇ ಬದಲಾಗುವ ಜಾತಿಯದು, ಕ್ಲಚ್ಚಿಲ್ಲ. ಎಡಗಾಲಿಗೆ ಕೆಲಸವೇ ಇಲ್ಲ. ಆ ಕಾಲಿಗೆ ಅವನು ಕೆಲಸ ಕೊಟ್ಟಿದ್ದ.

"ಹಗುರಕ್ಕೆ ಇಟ್ರೆ ಸದ್ದು ನಿಲ್ತಿತ್ತು," ಅಂದ ಮಗ ನೆಲ ನೋಡಿಕೊಂಡು. "ನೀನೇ ಹೇಳಿದ್ಯಲ್ಲೋ, ಕಾಲು ಇಟ್ಟು ನೋಡಿ ಅಂತ."

ನಟ್ಟುವಿನ ಕೈಯಿಂದ ಸ್ಪ್ಯಾನರು ಜಾರಿತು. "ಏನು ಕೆಟ್ಟಿದೆ ಅಂತ ಗೊತ್ತಾಗೋಕೆ ಹೇಳಿದ್ದು ಭಾವ. ಒಂದು ನಿಮಿಷಕ್ಕೆ. ಅದೇ ರಿಪೇರಿ ಅಂತ ಹೇಳಿದ್ನಾ ನಾನು?" ಅವನು ಗಾಡಿಯ ಪಕ್ಕ ಕುಕ್ಕರಗಾಲಲ್ಲಿ ಕೂತುಬಿಟ್ಟ. "ಬರೀ ಟಕಟಕ ಅಂತಿದ್ದಾಗಲೇ ತಂದು ಬಿಟ್ಟಿದ್ರೆ ಮುಗೀತಿತ್ತು. ನೀವು ತರೋಲ್ಲ ಅಂದಮೇಲೆ ನಾನೇ ಬಂದು ಬಿಚ್ಚಿ ತಗೊಂಡು ಹೋಗ್ಬೇಕಿತ್ತು. ಮೋರಿ ನೋಡ್ಕೊಂಡು ನಿಂತೆ."

"ಅಮ್ಮಂಗೆ ಹೇಳು," ಅಂದಳು ಪಟಾಕಿ.

"ಹೇಳ್ತೀನಿ. ಕೈ ವಾಸಿ ಆಗ್ಲಿ. ಈಗ ಹೇಳಿದ್ರೆ ತಡ್ಕೊಳ್ಳಲ್ಲ ಅವಳು. ನಾನೇ ಹೇಳ್ತೀನಿ, ನೀವ್ಯಾರೂ ಬಾಯಿ ಬಿಡಬೇಡಿ."

ನಾವು ಬಾಯಿ ಬಿಡಲಿಲ್ಲ. ನಾನು, ಬಾಯಿ ಮುಚ್ಚಿದರೆ ಕೋಳಿ ಸಿಗುತ್ತದೆ ಅಂದರೂ ಮುಚ್ಚದವಳು, ಮುಚ್ಚಿಕೊಂಡೆ.

ಸೊಸೆ ಮನೆಗೆ ಬಂದಳು. ಪಟ್ಟಿ ಕಟ್ಟಿದ ಕೈಯನ್ನು ದಿಂಬಿನ ಮೇಲೆ ಇಟ್ಟುಕೊಂಡು ಕೂರುತ್ತಿದ್ದಳು. ಅಡುಗೆಮನೆ ನನ್ನದಾಯಿತು. ನನ್ನ ಅನ್ನ ಒಂದು ದಿನ ಗಂಜಿ, ಒಂದು ದಿನ ಜಲ್ಲಿಕಲ್ಲು. ಪಟಾಕಿ ಬಟ್ಟೆ ಒಗೆದಳು. ಮಗ ನೀರು ಹಿಡಿದ, ಕಸ ಗುಡಿಸಿದ, ದಿನಾ ಬೆಳಿಗ್ಗೆ ಹೆಂಡತಿಯ ಹಿಂದೆ ಕೂತು ಅವಳ ತಲೆ ಬಾಚಿ ಜಡೆ ಹಾಕಿದ. ಮೊದಮೊದಲು ಜಡೆ ಗಾಳಿಗೆ ಬಿದ್ದ ತೆಂಗಿನ ಗರಿಯಂತಿರುತ್ತಿತ್ತು. ಬರಬರುತ್ತಾ ನನಗಿಂತ ಚೆನ್ನಾಗಿ ಹಾಕಿದ.

"ಅತ್ತೆ, ನಿಮ್ಮ ಮಗ ಇಷ್ಟು ಒಳ್ಳೆಯವರು ಅಂತ ಗೊತ್ತಿದ್ರೆ ಮೊದಲೇ ಕೈ ಮುರ್ಕೋತಿದ್ದೆ," ಅಂದಳು ಒಂದು ದಿನ. ಮಗನ ಕೈಯಲ್ಲಿ ಬಾಚಣಿಗೆ ನಿಂತಿತು.

ಆದರೆ ಆ ಮೆಕ್ಯಾನಿಕ್‌ನನ್ನು ಮಾತ್ರ ಅವಳು ಬಿಡಲಿಲ್ಲ. ತಿಂಡಿ ತಿನ್ನುವಾಗ ಅವನಿಗೆ ಶಾಪ, ಮಾತ್ರೆ ನುಂಗುವಾಗ ಶಾಪ. ಅವನ ಕೈ ಸೇದಿಹೋಗಲಿ, ಅವನ ಅಂಗಡಿಗೆ ಬೀಗ ಬೀಳಲಿ, ಅವನ ಹೆಂಡತಿ ಅವನ ಅನ್ನಕ್ಕೆ ಮಣ್ಣು ಹಾಕಲಿ. ಇಲ್ಲದ ಮನುಷ್ಯನಿಗೆ ಅಷ್ಟೊಂದು ಶಾಪ ಯಾರೂ ಹಾಕಿರಲಿಕ್ಕಿಲ್ಲ.

"ಅಂಥೋನಿಗೆ ಮಕ್ಕಳು ಮರಿ ಇರಲ್ವಾ? ಅವನ ಹೆಂಡ್ತೀನ ಆ ಕಾರಲ್ಲಿ ಕೂರಿಸ್ತಿದ್ನಾ ಅವನು? ಹೇಳ್ರೀ!"

"ಇಲ್ಲ ಬಿಡು," ಅಂದ ಮಗ. ತಟ್ಟೆಯಿಂದ ತಲೆ ಎತ್ತಲಿಲ್ಲ.

ಪಟಾಕಿ ನನ್ನನ್ನು ನೋಡಿದಳು. ನಾನು ಅನ್ನದಲ್ಲಿ ಕಲ್ಲು ಹುಡುಕಿದೆ.

ಪಟ್ಟಿ ಬಿಚ್ಚಿದರು. ಕೈ ಇತ್ತು, ಬೆರಳಿದ್ದವು, ಆದರೆ ಬೆರಳುಗಳು ಬಟ್ಟೆ ಹಿಡಿಯಲೊಲ್ಲವು. ಹೊಲಿಗೆ ಯಂತ್ರದ ಮುಂದೆ ಕೂತು ಒಂದು ತುಂಡು ಬಟ್ಟೆ ತೂರಿಸಿ ನೋಡಿದಳು. ನೇರ ಹೊಲಿಗೆ ಹಾವಿನ ಹಾಗೆ ಹರಿದು ಅಂಚಿನಿಂದ ಆಚೆ ಬಿತ್ತು. ಮತ್ತೆ ತೂರಿಸಿದಳು. ಮತ್ತೆ ಹಾಗೇ. ಆಮೇಲೆ ಯಂತ್ರಕ್ಕೆ ಮುಸುಕು ಹಾಕಿದಳು. ಅಳಲಿಲ್ಲ. ಅಂಗಡಿಯವರು ಯೂನಿಫಾರ್ಮಿನ ಕೆಲಸವನ್ನು ಬೇರೆಯವಳಿಗೆ ಕೊಟ್ಟರು.

ಅಷ್ಟರಲ್ಲಿ ನಟ್ಟು ಕಾರು ಸಿದ್ಧ ಮಾಡಿ ತಂದು ಮನೆ ಮುಂದೆ ನಿಲ್ಲಿಸಿದ. ಹೊಸ ಬಾಗಿಲು, ಹೊಸ ತಟ್ಟೆ, ಹೊಸ ಪ್ಯಾಡು. ಪಿನ್ನು ತೊಳೆದು ಬ್ರೇಕಿಗೆಂದೇ ಬರುವ ಗ್ರೀಸು ಸವರಿದ್ದ. ಒಂದು ಬೆರಳುದ್ದದ ಕ್ಲಿಪ್ಪು ಹಾಕಿದ್ದ. ಕೀಲಿಯನ್ನು ಪಟಾಕಿಯ ಕೈಗೆ ಕೊಟ್ಟು, ಒಳಗೂ ಬರದೆ ಹೊರಟುಹೋದ. ಮಗ ಅಪಘಾತವಾದ ಮೇಲೆ ಸ್ಟೇರಿಂಗು ಮುಟ್ಟಿರಲಿಲ್ಲ.

ಮರುದಿನ ಬೆಳಿಗ್ಗೆ ಸೊಸೆ ಸೀರೆ ಉಟ್ಟು ಸಿದ್ಧವಾಗಿ ಬಂದು ನಿಂತಳು.

"ನಡೀರಿ. ಆ ಗ್ಯಾರೇಜಿಗೆ."

"ಯಾವ ಗ್ಯಾರೇಜು?" ಅಂದ ಮಗ.

"ಅದೇ, ಮಾರ್ಕೆಟ್ಟಿನ ಆಚೆ. ಅವನ ಮುಖ ನೋಡ್ಬೇಕು ನಾನು. ಬೈಯಲ್ಲ, ಹೊಡೆಯಲ್ಲ. ಈ ಕೈ ತೋರಿಸಿ ಬರ್ತೀನಿ. ಇನ್ನೊಬ್ಬರ ಗಾಡಿ ಮುಟ್ಟೋವಾಗ ಇದು ಅವನ ಕಣ್ಣ ಮುಂದೆ ಬರ್ಬೇಕು."

"ಹೋಗಿದ್ದು ಹೋಯ್ತು, ಈಗ ಯಾಕೆ ಅದೆಲ್ಲ?"

"ಹೋಗಿದ್ದು ನಿಮ್ಮ ಕೈ ಅಲ್ಲ ಕಣ್ರೀ."

ಪಟಾಕಿ ಕೀಲಿ ತೆಗೆದುಕೊಂಡಳು. ಅವಳ ಪಕ್ಕ ಸೊಸೆ, ಹಿಂದೆ ನಾನು, ನನ್ನ ಪಕ್ಕ ಮಗ. ಕಾರು ಗುಂಡಿಗಳ ಮೇಲೆ ಸದ್ದಿಲ್ಲದೆ ಹೋಯಿತು. ಅವನ ಎಡಗಾಲು ಮ್ಯಾಟಿನ ಮೇಲೆ ಒತ್ತಿಕೊಂಡೇ ಇತ್ತು. ನಾನು ನೋಡಿದೆ.

ಮಾರ್ಕೆಟ್ಟು ದಾಟಿತು.

"ಈಗ ಯಾವ ಕಡೆ?" ಅಂದಳು ಸೊಸೆ.

"ಎಡಕ್ಕೆ."

ಎಡಕ್ಕೆ ಹೋದೆವು. ಮರದ ಡಿಪೋ, ಹಿಟ್ಟಿನ ಗಿರಣಿ, ಪಾಳು ಬಿದ್ದ ಒಂದು ಗೋದಾಮು.

"ಆಮೇಲೆ?"

"ಇಲ್ಲೇ ಎಲ್ಲೋ ಇತ್ತು. ಮುಚ್ಕೊಂಡು ಹೋಗಿರ್ಬೇಕು."

ಸೊಸೆ ಗಾಡಿ ನಿಲ್ಲಿಸಲು ಹೇಳಿದಳು. ಬಲಗೈಯಲ್ಲಿ ಬಾಗಿಲು ತೆಗೆದು ಇಳಿದು ಗಿರಣಿಯವನ ಹತ್ತಿರ ಹೋದಳು. ಹಿಟ್ಟು ಮೆತ್ತಿದ ರೆಪ್ಪೆಯವನು. ಅವನು ಕೇಳಿಸಿಕೊಂಡು ಕೈ ಆಡಿಸಿದ್ದು ಕಾಣಿಸಿತು. ಅವಳು ವಾಪಸು ಬಂದು ಹಿಂದಿನ ಬಾಗಿಲ ಹತ್ತಿರ ನಿಂತಳು.

"ಈ ರಸ್ತೇಲಿ ಯಾವತ್ತೂ ಗ್ಯಾರೇಜು ಇರಲಿಲ್ವಂತೆ. ಬೇರೆ ರಸ್ತೆನಾ? ಸರಿಯಾಗಿ ನೆನಪು ಮಾಡ್ಕೊಳ್ಳಿ."

ಪಟಾಕಿ ಎಂಜಿನ್ ನಿಲ್ಲಿಸಿದಳು. "ಅಪ್ಪ, ನೀನು ಹೇಳ್ತೀಯೋ, ನಾನು ಹೇಳ್ಲೋ?"

ಮಗ ಹೇಳಿದ. ಎದುರಿನ ಸೀಟಿನ ಬೆನ್ನಿಗೆ ಹೇಳಿದ. ಗ್ಯಾರೇಜಿಲ್ಲ, ಮೆಕ್ಯಾನಿಕ್ ಇಲ್ಲ, ರಿಪೇರಿ ಆಗಿರಲಿಲ್ಲ, ಕಾಲಲ್ಲಿ ಸದ್ದು ಮುಚ್ಚಿಕೊಂಡು ಓಡಿಸುತ್ತಿದ್ದೆ ಅಂದ. ನೀನು ಗಂಟು ಹೊತ್ತುಕೊಂಡು ಹೋದೆಯಲ್ಲ, ನಾಚಿಕೆಯಾಯಿತು ಅಂದ. ನಿನ್ನ ತಮ್ಮನ ಹತ್ತಿರ ಹೋಗಲು ಮನಸ್ಸು ಬರಲಿಲ್ಲ, ನಾಳೆ ಬೇರೆ ಎಲ್ಲಾದರೂ ಹೋಗೋಣ, ನಾಳೆ ಹೋಗೋಣ ಅಂದುಕೊಂಡೆ ಅಂದ.

ಸೊಸೆ ಬಾಗಿಲಿಗೆ ಒರಗಿ ಕೇಳಿದಳು.

"ವಾಸನೆ ಬರ್ತಿದೆ ಅಂದೆ ನಾನು," ಅಂದಳು.

"ಹೂಂ."

"ರಿಪೇರಿ ಸರಿಯಾಗಿ ಆಗಿದೆ ತಾನೆ ಅಂತ ಕೇಳ್ದೆ. ಎರಡು ಸಲ ಕೇಳ್ದೆ."

"ಹೂಂ."

"ಹತ್ತು ಅಂದ್ರಿ."

ಅವಳು ನನ್ನ ಕಡೆ ತಿರುಗಿದಳು. "ಅತ್ತೆ, ನಿಮಗೆ ಗೊತ್ತಿತ್ತಾ?"

ಹೌದು ಅಂತ ತಲೆ ಆಡಿಸಿದೆ. ಅವಳು ಮಗಳನ್ನು ನೋಡಿದಳು. ಪಟಾಕಿ ಸ್ಟೇರಿಂಗಿಗೆ ಹಣೆ ಇಟ್ಟುಕೊಂಡಿದ್ದಳು.

"ನನ್ನ ತಮ್ಮಂಗೂ?"

"ಅವನೇ ಬಿಚ್ಚಿ ತೋರಿಸಿದ್ದಮ್ಮ," ಅಂದೆ.

ನಾನು ಅಂದುಕೊಂಡೆ, ಈಗ ಕಿರುಚುತ್ತಾಳೆ, ಗಿರಣಿಯ ಹಿಟ್ಟೆಲ್ಲ ಹಾರಿಹೋಗುತ್ತದೆ. ಅವಳು ಕಾರು ಹತ್ತಿ ಬಾಗಿಲು ಹಾಕಿಕೊಂಡಳು. "ಮನೆಗೆ ನಡಿ," ಅಂದಳು ಮಗಳಿಗೆ. "ಬೇಳೆ ನೆನೆಹಾಕಿದ್ದೀನಿ."

ಅವತ್ತಿನಿಂದ ಮನೆಯಲ್ಲಿ ಜಗಳವಿಲ್ಲ. ಜಗಳವಿಲ್ಲದ ಮನೆ ಎಂದರೆ ಎಷ್ಟು ದೊಡ್ಡದು ಅಂತೀರಿ, ಅಡುಗೆಮನೆಯಿಂದ ಹೊಸಿಲಿಗೆ ಹೋಗಲು ಬುತ್ತಿ ಕಟ್ಟಿಕೊಳ್ಳಬೇಕು. ಜಡೆ ಈಗ ಪಟಾಕಿ ಹಾಕುತ್ತಾಳೆ. ಮಗ ಸೊಪ್ಪು ತರುತ್ತಾನೆ, ಪಾತ್ರೆ ತೊಳೆಯುತ್ತಾನೆ. ಸೊಸೆ ಅವನಿಗೆ ಬಡಿಸುತ್ತಾಳೆ, ಬೈಯುವುದಿಲ್ಲ, ಮುಖ ತಿರುಗಿಸುವುದೂ ಇಲ್ಲ. ನಟ್ಟು ಒಂದು ದಿನ ಬಂದು ಬಾಗಿಲಲ್ಲಿ ನಿಂತ. "ಬಾ, ಊಟ ಮಾಡು," ಅಂದಳು, ಬಡಿಸಿದಳು. ಅವನು ತಿಂದು ಹೋದ. ಒಂದು ನಟ್ಟೂ ಗಲ್ ಅನ್ನಲಿಲ್ಲ.

ನಿನ್ನೆ ಸಂಜೆ ಊಟವಾದ ಮೇಲೆ ಮಗ ಅಡುಗೆಮನೆ ಒರೆಸಿ ಬಂದ. ಸೊಸೆ ಗೋಡೆಗೆ ಒರಗಿ ಎಡಗೈಯ ಬೆರಳುಗಳನ್ನು ಬಲಗೈಯಲ್ಲಿ ಒಂದೊಂದಾಗಿ ಮಡಿಸುತ್ತಿದ್ದಳು, ಡಾಕ್ಟರು ಹೇಳಿಕೊಟ್ಟ ಹಾಗೆ.

"ಗ್ಯಾಸ್ ಆಫ್ ಮಾಡಿದ್ದೀನಿ," ಅಂದ.

ಅವಳು ಬೆರಳು ಮಡಿಸುವುದನ್ನು ನಿಲ್ಲಿಸಲಿಲ್ಲ.

"ಪಟಾಕಿ," ಅಂದಳು, "ಹೋಗಿ ನೋಡ್ಕೊಂಡು ಬಾ."

ಮಗ ಒರೆಸುವ ಬಟ್ಟೆ ಹಿಡಿದುಕೊಂಡು ಅಲ್ಲೇ ನಿಂತ. ಪಟಾಕಿ ಎದ್ದು ಹೋದಳು. ಆಫ್ ಆಗಿಯೇ ಇತ್ತು.